ಕಾಕಾ ಹೇಳಿದ ಟೀವಿ

ಟೀವಿ ನೋಡದೆಯೇ ಟೀವಿಯಿಂದ ವಿಜ್ಞಾನ ಕಲಿತವಳು ನಾನು. ಹೀಗೆಂದರೆ ನಮ್ಮ ಸ್ಟುಡಿಯೋದ ಹುಡುಗರು ನಗುತ್ತಾರೆ. ಮಕ್ಕಳಿಗೆ ಟೀವಿಯಲ್ಲಿ ವಿಜ್ಞಾನದ ಪಾಠ ಹೇಳುವುದೇ ಈಗ ನನ್ನ ಕೆಲಸ. ಚಿಕ್ಕೋಡಿಯ ಹೈಸ್ಕೂಲೊಂದರಲ್ಲಿ ಸೀಮೆಸುಣ್ಣ ಹಿಡಿದು ಸುಖವಾಗಿದ್ದವಳನ್ನು, ಶಾಲೆಗಳೆಲ್ಲ ಬಾಗಿಲು ಹಾಕಿಕೊಂಡಿದ್ದ ಆ ರೋಗದ ಕಾಲದಲ್ಲಿ, ಕರೆದುಕೊಂಡು ಹೋಗಿ ಕ್ಯಾಮೆರಾ ಮುಂದೆ ನಿಲ್ಲಿಸಿದರು. ಶಾಲೆ ತೆರೆದ ಮೇಲೂ ಬಿಡಲಿಲ್ಲ. ಕ್ಯಾಮೆರಾಕ್ಕೆ ನಾನು ಅಂಜಲಿಲ್ಲ. ಅಲ್ಲಿ ನನ್ನ ಮೇಲೆ ಇರುವ ತಕರಾರು ಒಂದೇ. ಕಣ್ಣಿಗೆ ಕಾಣುವುದನ್ನೆಲ್ಲ ನಾನು ಬಾಯಲ್ಲೂ ಹೇಳುತ್ತೇನೆ. ಗ್ಲಾಸಿನಲ್ಲಿ ನೀರು ಹಾಕಿದರೆ "ನೀರು ಹಾಕಿದೆ" ಎನ್ನುತ್ತೇನೆ, ಅದು ಅರ್ಧಕ್ಕೆ ಬಂದರೆ "ಅರ್ಧಕ್ಕೆ ಬಂತು" ಎನ್ನುತ್ತೇನೆ. ನಿಪ್ಪಾಣಿ ಕಡೆಯ ನಮ್ಮ ನಿರ್ದೇಶಕ ಹುಡುಗ, ಒಳ್ಳೆಯವನೇ, ಒಂದು ದಿನ ತಾಳ್ಮೆ ಕಳೆದುಕೊಂಡು ಕೇಳಿಯೇಬಿಟ್ಟ.

"ಮೇಡಂ, ಗ್ಲಾಸ್ ಕಾಣಸ್ತೈತ್ರಿ, ನೀರೂ ಕಾಣಸ್ತೈತಿ. ಮತ್ಯಾಕ ಹೇಳ್ತೀರಿ?"

"ಕಾಣದವರು ಯಾರರೆ ಕುಂತಿರ್ತಾರೋ ಏನೋ, ಇರ್ಲಿ ಬಿಡಪಾ."

ಅವನು ಕಣ್ಣಿಲ್ಲದ ಮಕ್ಕಳ ಮಾತು ಎಂದು ತಿಳಿದು, ಮುಖ ಸಣ್ಣದು ಮಾಡಿಕೊಂಡು, ಅಂದಿನಿಂದ ನನ್ನನ್ನು ದೊಡ್ಡ ಮನಸ್ಸಿನವಳು ಎಂದು ಎಲ್ಲರಿಗೂ ಹೇಳಿಕೊಂಡು ತಿರುಗುತ್ತಾನೆ. ನಾನು ತಿದ್ದಲು ಹೋಗಿಲ್ಲ. ಹೊಗಳಿಕೆ ತಾನಾಗಿ ಬಂದಾಗ ಯಾರು ಬೇಡ ಎನ್ನುತ್ತಾರೆ? ಆದರೆ ನನ್ನ ಕಣ್ಣ ಮುಂದೆ ಇರುವುದು ಎರಡೂ ಕಣ್ಣು ನೆಟ್ಟಗಿದ್ದ ಒಬ್ಬ ಹುಡುಗಿ. ಕಾಗವಾಡಕ್ಕೂ ಅಥಣಿಗೂ ನಡುವಿನ ಒಂದು ಊರಿನಲ್ಲಿ, ಜೋಳದ ಚೀಲದ ಮೇಲೆ, ಗೋಡೆಗೆ ಬೆನ್ನು ಹಚ್ಚಿ ಕುಳಿತ ಹುಡುಗಿ. ಅವಳಿಗೆ ತಿಳಿಯುವ ಹಾಗೆ ಹೇಳಿದರೆ ಎಲ್ಲರಿಗೂ ತಿಳಿಯುತ್ತದೆ ಎಂದು ನಾನು ಈಗಲೂ ನಂಬಿದ್ದೇನೆ.

ಆ ಗೋಡೆ ಬರುವ ಮೊದಲು ನಮ್ಮದು ಒಂದೇ ಉದ್ದನೆಯ ಪಡಸಾಲೆ. ಒಂದು ತುದಿಗೆ ಓಣಿಯ ಕಡೆಯ ದೊಡ್ಡ ಬಾಗಿಲು, ಅದರ ಮಗ್ಗುಲಲ್ಲೇ ದೇವರ ಜಗಲಿ. ಇನ್ನೊಂದು ತುದಿಗೆ ಹೊಲದ ದಾರಿಯ ಹಿತ್ತಲ ಬಾಗಿಲು. ಎರಡೂ ಬಾಗಿಲು ತೆರೆದರೆ ಗಾಳಿ ನೇರ ಹಾಯ್ದು ಹೋಗುತ್ತಿತ್ತು, ಬೇಸಿಗೆಯಲ್ಲಿ ಅರ್ಧ ಓಣಿ ನಮ್ಮಲ್ಲೇ ಮಲಗಲು ಬರುತ್ತಿತ್ತು. ಹಿತ್ತಲ ಬಾಗಿಲ ಕಡೆಯ ಗೋಡೆಗೆ, ಕಟ್ಟಿಗೆಯ ಪೆಟ್ಟಿಗೆಯೊಳಗೆ, ಟೀವಿ. ಬಿಳಿ ಕಪ್ಪಿನದು. ಪೆಟ್ಟಿಗೆಗೆ ಎರಡು ಪುಟ್ಟ ಬಾಗಿಲು, ಅದರ ಮೇಲೊಂದು ಅವ್ವ ಕಸೂತಿ ಹಾಕಿದ ಬಟ್ಟೆ. ದೇವರಿಗೂ ನಮ್ಮಲ್ಲಿ ಅಷ್ಟು ಮುಚ್ಚುಮರೆ ಇರಲಿಲ್ಲ. ಮಾಳಿಗೆಯ ಮೇಲಿನ ಆಂಟೆನಾ ಮಿರಜದ ದಿಕ್ಕಿಗೆ ಮುಖ ಮಾಡಿತ್ತು, ಯಾಕೆಂದರೆ ಆ ಕಡೆಯಿಂದ ಬರುವುದು ಮಾತ್ರ ನಮಗೆ ಸಿಗುತ್ತಿತ್ತು. ಹೀಗಾಗಿ ನಮ್ಮ ಟೀವಿ ಮರಾಠಿ ಮಾತಾಡುತ್ತಿತ್ತು. ಗಂಡಸರಿಗೆ ಮರಾಠಿ ನೀರು ಕುಡಿದಷ್ಟು ಸಲೀಸು. ಅವ್ವ ಅಥಣಿಯಾಚೆ ಬಿಜಾಪುರದ ಕಡೆಯಿಂದ ಬಂದವಳು, ಅವಳಿಗೆ ಅರ್ಧ ಬರುತ್ತಿತ್ತು. ನನಗೆ ಕಾಲು ಭಾಗ.

ರವಿವಾರ ಬೆಳಿಗ್ಗೆ ಮಕ್ಕಳ ವಿಜ್ಞಾನದ ಕಾರ್ಯಕ್ರಮ. ಒಬ್ಬ ತೆಳ್ಳನೆಯ ಹೆಣ್ಣುಮಗಳು ಮೇಜಿನ ಹಿಂದೆ ನಿಂತು ಬಾಟಲಿ, ಬಲೂನು, ಸೂಜಿಗಲ್ಲು ಇಟ್ಟುಕೊಂಡು ಏನಾದರೂ ಮಾಡಿ ತೋರಿಸುತ್ತಿದ್ದಳು. ಅವಳ ಹೆಸರು ನಮಗೆ ಯಾರಿಗೂ ಗೊತ್ತಿರಲಿಲ್ಲ. ನಮ್ಮ ಕಡೆ ಕಲಿಸುವ ಹೆಂಗಸರನ್ನು ಅಕ್ಕೋರು ಎನ್ನುತ್ತೇವೆ, ಹಾಗಾಗಿ ಇವಳು ಟೀವಿ ಅಕ್ಕೋರು. ಆಯಿ, ಅಂದರೆ ನನ್ನ ಅಪ್ಪನ ಅವ್ವ, ಅಕ್ಕೋರು ಬಂದ ಕೂಡಲೇ ತಲೆಯ ಮೇಲೆ ಸೆರಗು ಎಳೆದುಕೊಂಡು ನೆಟ್ಟಗೆ ಕುಳಿತುಕೊಳ್ಳುತ್ತಿದ್ದಳು. ಪ್ರಯೋಗ ಮುಗಿದ ಮೇಲೆ "ಭಾಳ ಸಣ್ಣ ಆಗ್ಯಾಳ ಪೋರಿ, ಉಣ್ಣಾಕ ಕೊಡ್ತಾರಿಲ್ಲೋ" ಎಂದು ಪ್ರತಿ ವಾರ ಮರುಗುತ್ತಿದ್ದಳು. ಅಪ್ಪ ಮಾತ್ರ ಟೀವಿ ನೋಡುತ್ತಿರಲಿಲ್ಲ. ಹಾಗೆಂದು ಅವನೇ ಹೇಳಿಕೊಳ್ಳುತ್ತಿದ್ದ. ರವಿವಾರ ಸರಿಯಾಗಿ ಅದೇ ಹೊತ್ತಿಗೆ ಅವನು ಟೀವಿಗೆ ಬೆನ್ನು ಮಾಡಿ ಕುಳಿತು, ಕಂಬದ ಮೊಳೆಗೆ ಕನ್ನಡಿ ಸಿಗಿಸಿ ದಾಡಿ ಮಾಡಿಕೊಳ್ಳುತ್ತಿದ್ದ. ಕನ್ನಡಿಯೊಳಗೆ ಅವನ ಗಲ್ಲಕ್ಕಿಂತ ಟೀವಿಯೇ ಹೆಚ್ಚು ಕಾಣುತ್ತದೆ ಎಂದು ಒಮ್ಮೆ ಅವನ ಹಿಂದೆ ನಿಂತಾಗ ನನಗೆ ಗೊತ್ತಾಯಿತು. ವಿಜ್ಞಾನದ ದಿನ ಅವನ ಗಲ್ಲದ ಮೇಲೆ ಒಂದೆರಡು ಗಾಯ ಆಗಿಯೇ ಆಗುತ್ತಿದ್ದವು.

ನಿಜವಾದ ನೋಡುಗ ಕಾಕಾ. ಅಪ್ಪನ ತಮ್ಮ ಬಾಳಪ್ಪ. ಇವನಿಗೆ ನೋಡಿ ಸುಮ್ಮನಿರುವುದು ಗೊತ್ತೇ ಇರಲಿಲ್ಲ. ಅಕ್ಕೋರು ಮರಾಠಿಯಲ್ಲಿ ಒಂದು ಹೇಳಿದರೆ ಇವನು ನನಗಾಗಿ ಕನ್ನಡದಲ್ಲಿ ನಾಲ್ಕು ಹೇಳುತ್ತಿದ್ದ, ಅದರಲ್ಲಿ ಎರಡು ಅವನ ಸ್ವಂತದ್ದು. ಕಾರ್ಯಕ್ರಮ ಮುಗಿಯುವುದೇ ತಡ, ಅಡುಗೆಮನೆಗೆ ನುಗ್ಗಿ ಬೇಕಾದ ಸಾಮಾನು ಎತ್ತಿಕೊಂಡು ಬಂದು ಅದನ್ನೇ ಮಾಡಲು ಕೂಡುತ್ತಿದ್ದ. ಆಯಿಯ ಎಲೆ ಅಡಿಕೆಯ ಚಂಚಿಯಿಂದ ಸುಣ್ಣ ತೆಗೆದು ಅರಿಷಿಣದ ನೀರಿಗೆ ಹಾಕಿ ಅದು ಕೆಂಪಗಾದಾಗ ಕುಣಿದಾಡಿದ ಕಾಕಾ, ನಂತರ ಅದೇ ನೀರಿಗೆ ಲಿಂಬೆ ಹಿಂಡಿ ಮತ್ತೆ ಹಳದಿ ಮಾಡಿದಾಗ ಆಯಿ ಹೆದರಿ ಚಂಚಿಯನ್ನು ಉಡಿಯೊಳಗೆ ಬಚ್ಚಿಟ್ಟುಕೊಂಡಳು. ಅವ್ವನ ಬೈಗುಳಕ್ಕೆ ಮಿತಿ ಇರಲಿಲ್ಲ. ಒಂದು ಬಾಟಲಿ ಒಡೆಯಿತು, ಒಂದು ರೇಶಿಮೆ ಕುಪ್ಪಸ ಬಲೂನು ತಿಕ್ಕಲು ಹೋಗಿ ಹರಿಯಿತು. "ನಿನ್ನ ವಿಜ್ಞಾನ ಹಾಳಾಗ್ಲೋ ಬಾಳ್ಯಾ" ಎಂದು ಅವ್ವ ಬೈದರೆ, "ವೈನೀ, ಇದೊಂದ್ ನೋಡ್ ಬಾ, ಆಮ್ಯಾಲ ಬೈ" ಎಂದು ಅತ್ತಿಗೆಯನ್ನು ಕರೆಯುತ್ತಿದ್ದ. ಅವ್ವ ಬಂದು ನೋಡುತ್ತಿದ್ದಳು. ನೋಡಿದ ಮೇಲೆ ಬೈಯಲು ಮರೆಯುತ್ತಿದ್ದಳು.

ಜಗಳ ಬಂದದ್ದು ದ್ರಾಕ್ಷಿಯಿಂದ. ಹೊಲದಲ್ಲೂ ಕಾಕಾನಿಗೆ ಏನಾದರೂ ಮಾಡಿ ನೋಡಬೇಕು. ಕಬ್ಬು ತೆಗೆದು ದ್ರಾಕ್ಷಿ ಹಚ್ಚೋಣ ಎಂದ. ಕಬ್ಬು ಎಂದರೆ ಅಪ್ಪನಿಗೆ ತನ್ನ ಅಪ್ಪ ಬಿಟ್ಟುಹೋದ ಮಾತು. ಒಂದು ವರ್ಷ ಊಟಕ್ಕೆ ಕುಳಿತಾಗಲೆಲ್ಲ ಅದೇ ಮಾತು, ತಾಟಿನ ಮುಂದಿನಿಂದ ಎದ್ದು ಹೋಗುವುದು, ಹೆಂಗಸರು ಉಪವಾಸ ಮಲಗುವುದು. ಕೊನೆಗೆ ಹಿರಿಯರು ನಾಲ್ಕು ಮಂದಿ ಬಂದು ಪಡಸಾಲೆಯಲ್ಲಿ ಕುಳಿತರು. ನಮ್ಮಲ್ಲಿ ಪಾಲಿಗೊಂದು ಪದ್ಧತಿ ಇದೆ. ಹಿರಿಯ ಮಗ ಎಲ್ಲವನ್ನೂ ಎರಡು ಪಾಲು ಮಾಡಿ ಇಡಬೇಕು, ಕಿರಿಯವನು ಮೊದಲು ಆರಿಸಿಕೊಳ್ಳಬೇಕು. ಪಾಲು ಮಾಡುವವನು ಮೋಸ ಮಾಡದಿರಲಿ ಎಂದು ಯಾರೋ ಬುದ್ಧಿವಂತರು ಮಾಡಿದ ವ್ಯವಸ್ಥೆ. ಅಪ್ಪ ಮೋಸಗಾರನಲ್ಲ, ಆದರೆ ಸಣ್ಣದೊಂದು ಲೆಕ್ಕ ಹಾಕಿದ್ದ ಎಂದು ಅವ್ವ ಎಷ್ಟೋ ವರ್ಷದ ಮೇಲೆ ನನಗೆ ಹೇಳಿದಳು. ಓಣಿಯ ಕಡೆಯ ಅರ್ಧ ಮನೆ, ದೊಡ್ಡ ಬಾಗಿಲು, ದೇವರ ಜಗಲಿ ಇದ್ದ ಪಾಲನ್ನು ಬಿಟ್ಟು ಹಿತ್ತಲ ಕಡೆಯದನ್ನು ಯಾರಾದರೂ ಆರಿಸುತ್ತಾರೆಯೇ? ಕಾಕಾ ಖಂಡಿತ ಓಣಿಯ ಕಡೆಯದನ್ನೇ ಎತ್ತುತ್ತಾನೆ, ಹಿತ್ತಲ ಕಡೆಯದು ತನಗೆ ಉಳಿಯುತ್ತದೆ ಎಂದು ತಿಳಿದು ಅಪ್ಪ ಟೀವಿಯನ್ನು ಹಿತ್ತಲಿನ ಪಾಲಿಗೆ ಹಾಕಿದ.

ಕಾಕಾ ಹಿತ್ತಲ ಕಡೆಯದನ್ನೇ ಆರಿಸಿದ. ಆ ಬಾಗಿಲಿನಿಂದ ಹೊರಗೆ ಬಿದ್ದರೆ ದ್ರಾಕ್ಷಿ ಹಚ್ಚಬೇಕೆಂದಿದ್ದ ಹೊಲ ಹತ್ತಿರ. ಮನೆಯನ್ನು ಹೊಲದ ದಾರಿ ನೋಡಿ ಆರಿಸುವ ಮನುಷ್ಯನೂ ಇರುತ್ತಾನೆ ಎಂಬುದು ಅಪ್ಪನ ತಲೆಗೇ ಹೊಳೆದಿರಲಿಲ್ಲ. ಹಿರಿಯರು "ಆತಲ್ಲಪಾ, ಆತಲ್ಲ" ಎಂದು ಚಹಾ ಕುಡಿದು ಎದ್ದರು. ಅಪ್ಪ ಮಾತ್ರ ಅಂದಿನಿಂದ ಒಂದೇ ಹಾಡು ಹಿಡಿದ.

"ಟೀವಿ ಸಲುವಾಗಿ ದೇವರನ್ನ ಬಿಟ್ಟಾ ನನ್ನ ತಮ್ಮಾ."

ಪಡಸಾಲೆಯ ನಟ್ಟನಡುವೆ ಗೋಡೆ ಎದ್ದಿತು. ಏಳುವಾಗ ನಾನು ಶಾಲೆಗೆ ಹೋಗಿದ್ದೆ, ಬಂದು ನೋಡಿದರೆ ಮನೆ ಅರ್ಧವಾಗಿತ್ತು, ಮಧ್ಯಾಹ್ನದಲ್ಲೇ ಕತ್ತಲೆ. ಆದರೆ ಗೋಡೆ ಪೂರ್ತಿ ಮೇಲಕ್ಕೆ ಹೋಗಿರಲಿಲ್ಲ. ತೊಲೆಯವರೆಗೆ ಬಂದು ನಿಂತಿತ್ತು. ಮೇಲೆ ಮಾಳಿಗೆಯವರೆಗೆ, ಅಂದರೆ ಚಾವಣಿಯವರೆಗೆ, ಒಂದು ಮೊಳದಷ್ಟು ಸಂದಿ. ಇಟ್ಟಂಗಿ ಮುಗಿದವೋ, ಇಬ್ಬರ ಸಿಟ್ಟು ಅಷ್ಟಕ್ಕೇ ದಣಿಯಿತೋ ತಿಳಿಯದು. ಆ ಸಂದಿಯಿಂದ ಆಚೆಯ ಒಲೆಯ ಹೊಗೆ ನಮ್ಮ ಕಣ್ಣಿಗೆ ಬರುತ್ತಿತ್ತು, ನಮ್ಮ ಒಗ್ಗರಣೆಗೆ ಆಚೆಯವರು ಸೀನುತ್ತಿದ್ದರು. ಎರಡೂ ಕಡೆ ರೊಟ್ಟಿ ಬಡಿಯುವ ಸಪ್ಪಳ ಒಂದಾಗಿ, ಒಬ್ಬಳೇ ಹೆಂಗಸು ನಾಲ್ಕು ಕೈಯಿಂದ ಬಡಿದಂತೆ ಕೇಳುತ್ತಿತ್ತು. ಆಯಿ ಬೆಳಿಗ್ಗೆ ನಮ್ಮಲ್ಲಿ, ಸಂಜೆ ಅವರಲ್ಲಿ ಉಣ್ಣುತ್ತಿದ್ದಳು. ನನಗೆ ಮಾತ್ರ ಅಪ್ಪ ಆಣೆ ಹಾಕಿಬಿಟ್ಟ.

"ಆ ಹೊಸ್ತಿಲಾ ತುಳಿಬ್ಯಾಡ ಸುನಂದಾ. ಆ ಕಡಿ ಮಂದಿ ಜೋಡಿ ಒಂದ್ ಮಾತ ಆಡಿದ್ರೂ ನನ್ನ ಆಣಿ ಐತಿ ನಿನಗ."

ನಮ್ಮ ಕಡೆ ಆಣೆ ಎಂದರೆ ಆಟವಲ್ಲ. ಮಾತು ಮೀರಿದರೆ ಅಪ್ಪ ಸಾಯುತ್ತಾನೆ ಎಂದೇ ನಾನು ನಂಬಿದ್ದೆ. ಅದರ ಮರು ರವಿವಾರ ಅಕ್ಕೋರ ಹೊತ್ತಿಗೆ ಸರಿಯಾಗಿ, ಗೋಡೆಗೆ ಹಚ್ಚಿ ಇಟ್ಟಿದ್ದ ಜೋಳದ ಚೀಲದ ಮೇಲೆ ಹತ್ತಿ ಕುಳಿತೆ. ಆಚೆ ಟೀವಿ ಹಚ್ಚಿದ್ದು ಕೇಳಿತು, ಅಕ್ಕೋರ ದನಿ ಕೇಳಿತು, ಮರಾಠಿಯ ಕಾಲು ಭಾಗ ತಿಳಿಯಿತು. ಏನೋ ಸುರಿದರು, ಏನೋ ಟಣ್ಣೆಂದಿತು, ಹಿನ್ನೆಲೆಯಲ್ಲಿ ಮಕ್ಕಳು ಚಪ್ಪಾಳೆ ಹೊಡೆದರು. ಯಾಕೆ ಹೊಡೆದರು ಎಂದು ತಿಳಿಯದೆ ನಾನು ಅತ್ತುಬಿಟ್ಟೆ. ದನಿ ತೆಗೆದೇ ಅತ್ತೆ. ಅವ್ವ ಬಾಯಿ ಮುಚ್ಚಿ ಒಳಗೆ ಕರೆದುಕೊಂಡು ಹೋದಳು. ಅದು ಆಚೆಗೂ ಕೇಳಿರಬೇಕು.

ಅದರ ಮುಂದಿನ ವಾರ ಟೀವಿ ಇನ್ನಷ್ಟು ಜೋರಾಗಿ ಹಚ್ಚಿದರು. ಅದರ ಮೇಲೆ, ಅದಕ್ಕಿಂತ ಜೋರಾಗಿ, ಕಾಕಾನ ದನಿ.

"ಬಾಬೂ, ನೋಡಲೇ ಇಲ್ಲೆ. ಅಕ್ಕೋರು ಇವತ್ತ ಬಲೂನ ತಂದಾರ. ಊದಾಕತ್ತಾರ. ಈಗ ಲಿಂಬಿಕಾಯಿಯಷ್ಟ ಐತಿ. ಈಗ ತೆಂಗಿನಕಾಯಿಯಷ್ಟ ಆತು. ಈಗ ಕುಂಬಳಕಾಯಿ! ಕೈ ಬಿಟ್ರ ನೋಡು, ಹೋತ ಸುಂಯ್ ಅಂತ! ಗಾಳಿ ಹಿಂದಕ ಹೊಂಟರ ಬಲೂನ ಮುಂದಕ ಹೋಗತೈತಿ. ರಾಕೇಟೂ ಹಂಗ ಅಂತಪಾ."

ಬಾಬು ಎಂದರೆ ಕಾಕಾನ ಮಗ. ಇನ್ನೂ ಹಲ್ಲು ಬಾರದ ಕೂಸು. ರಾಕೆಟ್ಟಿನ ಮಾತಿಗೆ ಬೆಚ್ಚಿಬಿದ್ದು ಕಿರುಚಿ ಅಳತೊಡಗಿತು. "ಕೂಸಿನ ಮುಂದ ಯಾಕ ಹಂಗ ಒದರತೀರಿ?" ಎಂದು ಕಾಕು, ಅಂದರೆ ಕಾಕಾನ ಹೆಂಡತಿ, ಬೈಯುವುದು ಕೇಳಿತು. "ಕಲೀಲಿ ಬಿಡ, ಈಗಿಂದ ಕಲೀಲಿ" ಎಂದ ಕಾಕಾ. ನನಗೆ ಆಗ ತಿಳಿಯಿತು. ಚೀಲದ ಮೇಲೆ ಮೈಯೆಲ್ಲ ಬೆಚ್ಚಗಾಯಿತು. ಗೋಡೆಯ ಆಚೆ ಒಬ್ಬ ಮನುಷ್ಯ ನನಗೆಂದೇ ಒದರುತ್ತಿದ್ದಾನೆ, ನನ್ನ ಹೆಸರು ಹೇಳದೆ, ಅಪ್ಪನ ಆಣೆಯನ್ನೂ ಮುರಿಸದೆ.

ಹೀಗೆ ಒಂದು ಸುಗ್ಗಿಯಿಂದ ಇನ್ನೊಂದು ಸುಗ್ಗಿ ಹತ್ತಿರ ಬರುವವರೆಗೂ ನಡೆಯಿತು. ಹೇಳುತ್ತ ಹೇಳುತ್ತ ಕಾಕಾ ಪಳಗಿದ. ಮೊದಮೊದಲು "ಅದನ್ನ ಇದರಾಗ ಹಾಕಿದ್ರು" ಎನ್ನುತ್ತಿದ್ದವನು, ಯಾವುದನ್ನು ಯಾವುದರಲ್ಲಿ, ಎಷ್ಟು, ಯಾವ ಕೈಯಿಂದ ಎಂದು ಬಿಡಿಸಿ ಹೇಳಲು ಕಲಿತ. ಅಳತೆಗೆ ಹೊಲ ಮನೆಯದೇ ಲೆಕ್ಕ. ಹುಣಸೆಬೀಜದಷ್ಟು, ಕುಡುಗೋಲಿನ ಹಾಗೆ ಬಾಗಿದ್ದು, ಎತ್ತಿನ ಕೊರಳ ಗಂಟೆಯಷ್ಟು. ಬಿಳಿ ಕಪ್ಪಿನ ಟೀವಿಗೆ ಬಣ್ಣವನ್ನೂ ಅವನೇ ಹಚ್ಚುತ್ತಿದ್ದ. ಅಕ್ಕೋರಿಗೆ ಒಂದು ವಾರ ಗಿಳಿಹಸಿರು ಸೀರೆ, ಒಂದು ವಾರ ಇಳಕಲ್ಲಿನ ಕೆಂಪು ಸೆರಗು. ನಾನು ಬಹಳ ವರ್ಷ ಆ ಹೆಣ್ಣುಮಗಳನ್ನು ಬಣ್ಣದಲ್ಲೇ ನೋಡಿದ್ದೇನೆ ಎಂದುಕೊಂಡಿದ್ದೆ. ಕೆಲವೊಮ್ಮೆ ತಪ್ಪು ಹೇಳುತ್ತಿದ್ದ, ಒಂದೆರಡು ವಾಕ್ಯ ಮುಂದೆ ಹೋಗಿ, "ಇಲ್ಲಪಾ ಬಾಬೂ, ನಾ ಹೇಳಿದ್ದು ಖರೇ ಅಲ್ಲ, ಅಕ್ಕೋರು ಬ್ಯಾರೇ ಅಂತಾರ" ಎಂದು ತಿದ್ದಿಕೊಳ್ಳುತ್ತಿದ್ದ. ದೊಡ್ಡವರು ತಪ್ಪಿದೆ ಎಂದು ಬಾಯಿ ಬಿಟ್ಟು ಹೇಳುವುದನ್ನು ನಾನು ಮೊದಲು ಕೇಳಿದ್ದು ಆ ಸಂದಿಯಿಂದ. ನಮ್ಮ ಶಾಲೆಯ ಮಾಸ್ತರರು ಯಾರೂ ಹಾಗೆ ಹೇಳಿದ್ದು ನೆನಪಿಲ್ಲ.

ನನಗೆ ಕೇಳಬೇಕಾದದ್ದು ಬೇಕಾದಷ್ಟಿತ್ತು, ಕೇಳುವ ಹಾಗಿರಲಿಲ್ಲ. ಆಯಿಯ ಕೈಯಲ್ಲಿ ಪ್ರಶ್ನೆ ಕಳಿಸಿ ನೋಡಿದೆ. ಚಂದ್ರ ಯಾಕೆ ಕೆಳಗೆ ಬೀಳುವುದಿಲ್ಲ ಎಂದು ಕೇಳು ಎಂದರೆ, ಆಯಿ ಓಣಿ ಸುತ್ತಿ ಹಿತ್ತಲ ಬಾಗಿಲಿಗೆ ಹೋಗುವಷ್ಟರಲ್ಲಿ ದಾರಿಯಲ್ಲಿ ನಾಲ್ಕು ಮಂದಿಯ ಸುದ್ದಿ ಮಾತಾಡಿ, "ಚಂದ್ರನ ಸುದ್ದಿ ಏನೋ ಕೇಳ್ಯಾಳಪಾ ಹುಡುಗಿ, ಅಂವಗ ಏನಾಗೈತಿ?" ಎಂದು ಕೇಳುತ್ತಿದ್ದಳಂತೆ. ಆದರೂ ಮುಂದಿನ ರವಿವಾರ ಕಾಕಾ ಬಾಬೂಗೆ ಚಂದ್ರನ ಮಾತು ಹೇಳಿದ. ಕವಣೆಗೆ ಕಲ್ಲು ಹಾಕಿ ಗಿರಗಿರ ತಿರುಗಿಸುವಾಗ ಕಲ್ಲು ಹೇಗೆ ಕೆಳಗೆ ಬೀಳದೆ ತಿರುಗುತ್ತದೆ ನೋಡು ಎಂದ. ಜೋಳದ ತೆನೆ ಕಾಯುವಾಗ ಕವಣೆ ತಿರುಗಿಸಿ ಗೊತ್ತಿದ್ದ ನನಗೆ ಅಷ್ಟು ಸಾಕಾಯಿತು. ಅವ್ವನೂ ಒಳಗೇ ನಮ್ಮ ಪಕ್ಷ. ಕಾಕಾನ ದನಿ ಎದ್ದ ಕೂಡಲೇ ಅವಳ ರೊಟ್ಟಿ ಬಡಿಯುವ ಕೈ ನಿಲ್ಲುತ್ತಿತ್ತು. ಹಂಚಿನ ಮೇಲಿದ್ದ ರೊಟ್ಟಿ ರವಿವಾರ ತಪ್ಪದೆ ಸುಡುತ್ತಿತ್ತು, ಅದನ್ನು ತಾನೇ ತಿನ್ನುತ್ತಿದ್ದಳು. ಅಪ್ಪ ಆ ಹೊತ್ತಿಗೆ ಮನೆಯಲ್ಲೇ ಇರುತ್ತಿದ್ದ. ದಾಡಿ ಈಗ ಶನಿವಾರಕ್ಕೆ ಹೋಗಿತ್ತು, ರವಿವಾರ ಊಟಕ್ಕೆ ಕೂಡುತ್ತಿದ್ದ. ನಡುನಡುವೆ ತಲೆ ಎತ್ತದೆ ಹೇಳುತ್ತಿದ್ದ.

"ಭಾಳ ಜೋರ ಹಚ್ಚತಾರ ಆ ಮನ್ಯಾಗ. ಕಿವಿಗೆ ತ್ರಾಸ. ಆ ಸಂದಿ ಮುಚ್ಚಬೇಕ ಒಮ್ಮೆ."

ಅವನು ಹೇಳುತ್ತಾನೆ, ಮಾಡುವುದಿಲ್ಲ ಎಂದುಕೊಂಡಿದ್ದೆ. ಆದರೆ ಕಾಕಾನ ಹೊಲದಲ್ಲಿ ದ್ರಾಕ್ಷಿಯ ಕಂಬ ನಿಂತ ವಾರ, ನಮ್ಮ ಬಾಗಿಲ ಮುಂದೆ ಟ್ರ್ಯಾಕ್ಟರ್ ಬಂದು ಇಟ್ಟಂಗಿ ಇಳಿಸಿ ಹೋಯಿತು. ಸೋಮವಾರ ಗೌಂಡಿ ಬರುತ್ತಾನೆ, ಮಾಳಿಗೆಯವರೆಗೆ ಗೋಡೆ ಏರಿಸಿ ಗಾರೆ ಮೆತ್ತಿ ಗಿಲಾಯ ಮಾಡುತ್ತಾನೆ ಎಂದು ಅಪ್ಪ ಊಟದಲ್ಲಿ ಹೇಳಿದ. ನನ್ನ ಪಾಲಿಗೆ ಆಗ ಪ್ರಪಂಚದಲ್ಲಿ ಇದ್ದದ್ದೇ ಆ ಮೊಳದಷ್ಟು ಸಂದಿ. ಅದು ಮುಚ್ಚಿದರೆ ಅಕ್ಕೋರು ಇಲ್ಲ, ಬಲೂನು ಇಲ್ಲ, ಚಂದ್ರನಿಲ್ಲ, ಎಲ್ಲಕ್ಕಿಂತ ಹೆಚ್ಚಾಗಿ ಕಾಕಾ ಇಲ್ಲ. ಅವ್ವನ ಸೆರಗು ಹಿಡಿದು ಅಪ್ಪನಿಗೆ ಹೇಳಿಸಲು ನೋಡಿದೆ. "ನನ್ನ ಮಾತ ಯಾರ ಕೇಳ್ತಾರ ಯವ್ವಾ" ಎಂದು ಒಲೆಯ ಕಡೆ ತಿರುಗಿದಳು. ಆಯಿ ಆಗಲೇ ಸುದ್ದಿಯನ್ನು ಆಚೆಗೆ ಮುಟ್ಟಿಸಿದ್ದಳು.

ಆ ರವಿವಾರ ಕಾಕಾನ ದನಿಯಲ್ಲಿ ಹುರುಪು ಇರಲಿಲ್ಲ. ಆದರೂ ಒಂದನ್ನೂ ಬಿಡದೆ ಹೇಳಿದ. ತಾಟಿನಲ್ಲಿ ಎರಡು ಬೆರಳು ನೀರು. ಅದಕ್ಕೆ ಬಣ್ಣ, ಕುಂಕುಮದ ಬಣ್ಣ ಎಂದ. ನಡುವೆ ಮೇಣಬತ್ತಿ. ಹಚ್ಚಿದರು. ಅದರ ಮೇಲೆ ಗಾಜಿನ ಗ್ಲಾಸು ಬೋರಲು ಹಾಕಿದರು. ದೀಪ ಸಣ್ಣದಾಯಿತು, ಇನ್ನೂ ಸಣ್ಣದಾಯಿತು, ಆರಿತು.

"ಏ ಬಾಬೂ, ನೀರ ಏರಾಕತ್ತೈತಿ ನೋಡೋ! ತಾಟಿನ್ಯಾಗಿನ ನೀರ ಗ್ಲಾಸಿನ ಒಳಗ ತಾನ ಏರಾಕತ್ತೈತಿ! ಅಕ್ಕೋರು ಕೇಳಾಕತ್ತಾರ, ನೀರ ಯಾಕ ಏರಿತು, ವಿಚಾರ ಮಾಡಿ ಹೇಳ್ರಿ ಅಂತ."

ಅಕ್ಕೋರು ಹೀಗೆ ಕೇಳಿದ ಮೇಲೆ, ಮಕ್ಕಳು ಯೋಚಿಸಲಿ ಎಂದು ಟೀವಿಯವರು ಸ್ವಲ್ಪ ಹೊತ್ತು ವಾದ್ಯ ಬಾರಿಸಿಬಿಡುತ್ತಿದ್ದರು. ಆ ಹೊತ್ತಿನಲ್ಲಿ ಕಾಕಾ ಯಾವಾಗಲೂ ಬಾಬೂನ ಪರವಾಗಿ ತಾನೇ ಏನಾದರೊಂದು ಹೇಳುತ್ತಿದ್ದ. ಅಂದು ಹೇಳಲಿಲ್ಲ. ವಾದ್ಯ ನಡೆದಿತ್ತು.

"ಯಾಕ ಏರಿತು?" ಎಂದ ಕಾಕಾ. ಈ ಸಲ ಬಾಬೂ ಎನ್ನಲಿಲ್ಲ.

ಅವ್ವನ ಕೈ ಹಿಟ್ಟಿನಲ್ಲಿ ನಿಂತಿತ್ತು. ಬಾಯಿ ತೆರೆದರೆ ಮಾತು ಹೊರಬೀಳುತ್ತದೆ, ಅಪ್ಪ ಸಾಯುತ್ತಾನೆ ಎಂದು ನಾನು ಲಂಗದ ಅಂಚನ್ನು ಹಲ್ಲಿನಲ್ಲಿ ಕಚ್ಚಿ ಹಿಡಿದಿದ್ದೆ.

"ಯಾರರೆ ಹೇಳ್ರಿ" ಎಂದ ಕಾಕಾ. ದನಿ ಸಣ್ಣಗಾಗಿತ್ತು.

ಅಪ್ಪ ಬಾಯಲ್ಲಿದ್ದ ತುತ್ತನ್ನು ನುಂಗಿದ. ಗೋಡೆಯ ಕಡೆ ನೋಡಲಿಲ್ಲ, ತಾಟಿನ ಕಡೆ ನೋಡಿಯೇ ಹೇಳಿದ. ಆದರೆ ಜೋರಾಗಿ ಹೇಳಿದ.

"ದೀಪಾ ಗಾಳಿ ತಿಂತು. ಒಳಗ ಜಾಗಾ ಖಾಲಿ ಆತು. ಅದಕ್ಕ ನೀರ ಬಂತು."

ಆಚೆ ಟೀವಿಯ ದನಿ ಒಮ್ಮೆಲೇ ತಗ್ಗಿತು. ಅಷ್ಟು ತಿಂಗಳಲ್ಲಿ ಅವರು ಅದನ್ನು ತಗ್ಗಿಸಿದ್ದು ಅದೇ ಮೊದಲು. ಅಕ್ಕೋರು ಏನೋ ಹೇಳುತ್ತಿದ್ದರು, ನಮಗೆ ಕೇಳಲಿಲ್ಲ. ಕಾಕಾ ಕೇಳಿಸಿಕೊಳ್ಳುತ್ತಿದ್ದಾನೆ ಎಂದು ಮಾತ್ರ ತಿಳಿಯಿತು. ಆಮೇಲೆ ದನಿ ಬಂತು, ಗೋಡೆಗೆ ಅಷ್ಟು ಹತ್ತಿರದಿಂದ ಅವನು ಎಂದೂ ಮಾತಾಡಿರಲಿಲ್ಲ.

"ನಾನೂ ಅದನ್ನ ಅಂದ್ಕೊಂಡಿದ್ನಿ ಅಣ್ಣಾ. ಅದು ಅಲ್ಲಂತ."

"ಅಲ್ಲಂದ್ರ? ಮತ್ತೇನಂತ?"

"ದೀಪದ ಬಿಸಿಗೆ ಗಾಳಿ ಉಬ್ಬಿರತೈತಂತ. ದೀಪ ಆರಿದ ಮ್ಯಾಲ ಆ ಗಾಳಿ ತಂಪಾಗಿ ಕುಗ್ಗತೈತಿ. ಆಗ ಹೊರಗಿನ ಗಾಳಿ ನೀರನ್ನ ಒಳಗ ದಬ್ಬತೈತಿ."

"ಸುಳ್ಳ ಹೇಳಬ್ಯಾಡ."

"ನಾ ಯಾಕ ಸುಳ್ಳ ಹೇಳಲಿ? ದೀಪಾ ಗಾಳಿ ತಿಂದಿದ್ದಕ್ಕ ನೀರ ಏರಿದ್ರ, ದೀಪ ಉರಿಯೂಮುಂದ ಏರಬೇಕಲ್ಲ? ಆರಿದ ಮ್ಯಾಲ ಯಾಕ ಏರತೈತಿ? ನೀ ಮಾಡಿ ನೋಡು."

ಅಪ್ಪ ಎಂಜಲು ಕೈಯಲ್ಲೇ ಎದ್ದ. ತಾಟು ತಾ ಎಂದ, ಚಹಾದ ಗ್ಲಾಸು ತಾ ಎಂದ, ದೇವರ ಜಗಲಿಯಿಂದ ನಾನು ಮೇಣಬತ್ತಿ ತಂದೆ. ಕೈ ತೊಳೆದು ಬಂದು ನೆಲದ ಮೇಲೆ ಬಗ್ಗಿ ಕುಳಿತು, ತಾನೇ ಕಡ್ಡಿ ಕೊರೆದ. ನನ್ನ ಅಪ್ಪ ಒಂದು ವಸ್ತುವನ್ನು ಅಷ್ಟು ಹತ್ತಿರದಿಂದ ನೋಡಿದ್ದನ್ನು ನಾನು ಅದಕ್ಕೆ ಮೊದಲು ಕಂಡಿರಲಿಲ್ಲ. ಗ್ಲಾಸು ಮುಚ್ಚಿದ. ದೀಪ ಉರಿಯುತ್ತಿದ್ದಾಗ ನೀರು ಹೆಚ್ಚೇನೂ ಕದಲಲಿಲ್ಲ. ಆರಿತು. ಆರಿದ ಮೇಲೆ, ಗ್ಲಾಸಿನೊಳಗೆ ಹೊಗೆ ಸುತ್ತುತ್ತಿರುವಾಗ, ನೀರು ಸರ್ರನೆ ಏರಿತು. ಅವ್ವ ಹಿಟ್ಟಿನ ಕೈಯನ್ನು ಬಾಯಿಗೆ ಹಿಡಿದುಕೊಂಡಳು. ಗೋಡೆಯಾಚೆ ಬಾಬು ಸಹ ಅಳುತ್ತಿರಲಿಲ್ಲ.

ಅಪ್ಪ ಮೇಣಬತ್ತಿ ಒರೆಸಿ, ಇನ್ನೊಮ್ಮೆ ಮಾಡಿದ. ಮೂಗು ಗ್ಲಾಸಿಗೆ ತಾಗುವಷ್ಟು ಬಗ್ಗಿ ನೋಡಿದ. ಆಮೇಲೆ ಹಾ ಎಂದು ಉಸಿರು ಬಿಟ್ಟ.

"ಹೌದಲೇ ಬಾಳ್ಯಾ. ಆರಿದ ಮ್ಯಾಲನ ಏರಿತು."

ಆಚೆ ಕಾಕಾ ಅಳುತ್ತಿದ್ದನೋ ನಗುತ್ತಿದ್ದನೋ ನನಗೆ ಗೊತ್ತಿಲ್ಲ, ಎರಡಕ್ಕೂ ಅವನ ದನಿ ಒಂದೇ ತರ ಒಡೆಯುತ್ತಿತ್ತು.

ಇದನ್ನು ಕೇಳಿದವರು ಮುಂದೆ ಅಣ್ಣತಮ್ಮ ಒಂದಾದರೇ, ಗೋಡೆ ಬಿತ್ತೇ ಎಂದು ಕೇಳುತ್ತಾರೆ. ಆಗಲಿಲ್ಲ, ಬೀಳಲಿಲ್ಲ. ಕಬ್ಬು ದ್ರಾಕ್ಷಿ ಬೇರೆಯೇ ಉಳಿದವು, ಒಲೆ ಎರಡೇ ಉಳಿದವು. ಆದರೆ ನನ್ನ ಮೇಲಿನ ಆಣೆ ಅಂದಿಗೇ ಮುಗಿಯಿತು. ಅಪ್ಪ ತಾನೇ ಮಾತಾಡಿ ಬದುಕಿಕೊಂಡಿದ್ದನಲ್ಲ! ನಾನು ಹಿತ್ತಲ ಬಾಗಿಲಿನಿಂದ ಹೋಗಿ ಟೀವಿ ಮುಂದೆ ಕುಳಿತು ಅಕ್ಕೋರನ್ನು ಮತ್ತೆ ಕಣ್ಣಾರೆ ನೋಡಿದೆ. ಹೇಳಿದರೆ ನಂಬುವುದಿಲ್ಲ, ನನಗೆ ಬೇಸರವಾಯಿತು. ಸೀರೆಗೆ ಬಣ್ಣವೇ ಇರಲಿಲ್ಲ. ಎರಡು ವಾರ ನೋಡಿ, ತಿರುಗಿ ಬಂದು ಚೀಲದ ಮೇಲೆ ಕುಳಿತೆ. ಕಾಕಾ ಬೈಯಲಿಲ್ಲ, ಹೇಳುವುದನ್ನು ಮುಂದುವರಿಸಿದ. ಈಗ ನಡುನಡುವೆ ಈಚೆಯಿಂದ ಅಪ್ಪನ ತಕರಾರೂ ಸೇರಿಕೊಳ್ಳುತ್ತಿತ್ತು.

ಅವರಿಬ್ಬರೂ ಈಗ ಇಲ್ಲ. ಒಬ್ಬರ ಹಿಂದೆ ಒಬ್ಬರು ಹೋದರು, ಆಯಿ ಅವರಿಗಿಂತ ಎಷ್ಟೋ ಮೊದಲೇ ಹೋಗಿದ್ದಳು. ಆ ಜಾಗದಲ್ಲಿ ಬಾಬು ಸ್ಲ್ಯಾಬಿನ ಮನೆ ಕಟ್ಟಿಸಿದ್ದಾನೆ. ಗೋಡೆಗಳೆಲ್ಲ ಮಾಳಿಗೆಗೆ ಮುಟ್ಟಿವೆ, ಕೋಣೆಗೊಂದು ಟೀವಿ ಇದೆ, ಒಂದು ಕೋಣೆಯ ಮಾತು ಇನ್ನೊಂದಕ್ಕೆ ಕೇಳುವುದಿಲ್ಲ. ನನ್ನ ಪಾಠ ಬರುವಾಗ ಅವನ ಮಕ್ಕಳು ನೋಡುತ್ತಾರಂತೆ. "ಅಕ್ಕಾ, ನೀ ಟೀವ್ಯಾಗ ಭಾಳ ಒದರತಿ ನೋಡು" ಎಂದು ಫೋನಿನಲ್ಲಿ ಬೈಯುತ್ತಾನೆ. ಆ ಮೊದಲ ಪಾಠಗಳೆಲ್ಲ ತನ್ನ ಕಿವಿಯಲ್ಲೇ ಆದವು ಎಂದು ಅವನಿಗೆ ನೆನಪಿರುವುದು ಹೇಗೆ? ಸ್ಟುಡಿಯೋದಲ್ಲಿ ದೀಪ ಹತ್ತಿ, ಎಲ್ಲರೂ ಸುಮ್ಮನಾಗಿ, ನಾನು ಮಾತು ಶುರು ಮಾಡುವ ಮುನ್ನ ಒಂದು ಗಳಿಗೆ ಇರುತ್ತದೆ. ಆ ಗಳಿಗೆಯಲ್ಲಿ ನನಗೆ ಕಾಕಾ ಬೇಕು ಎನಿಸುತ್ತದೆ, ಅಪ್ಪ ಬೇಕು ಎನಿಸುತ್ತದೆ. ಯಾವ ಮಕ್ಕಳೂ ನನ್ನ ಮಾತಿಗೆ ಗೋಡೆಯಾಚೆಯಿಂದ ಎದುರು ಹೇಳುವುದಿಲ್ಲ. ಹೇಳಿದರೂ ನನಗೆ ಕೇಳುವುದಿಲ್ಲ.

ಹಿಂದಿನದರಲ್ಲಿ ಒಂದನ್ನು ಮರಳಿ ಕೊಡುತ್ತೇವೆ ಎಂದು ಯಾರಾದರೂ ಅಂದರೆ ನಾನು ಆ ರವಿವಾರವನ್ನು ಕೇಳುವುದಿಲ್ಲ. ಅದರ ಮರುದಿನದ ಬೆಳಗನ್ನು ಕೇಳುತ್ತೇನೆ. ಗೌಂಡಿ ಹೇಳಿದ ಹೊತ್ತಿಗೆ ಬಂದ. ಕರಣಿ, ಬುಟ್ಟಿ ಇಳಿಸಿ, ಪಡಸಾಲೆಗೆ ಬಂದು ಮೇಲೆ ನೋಡಿ, ಏಣಿ ಎಲ್ಲಿ ಎಂದು ಕೇಳಿದ. ನಾನು ಶಾಲೆಯ ಚೀಲ ಹೆಗಲಿಗೆ ಹಾಕಿಕೊಂಡು ಹೊಸ್ತಿಲಲ್ಲಿ ನಿಂತಿದ್ದೆ, ಹೋಗಲು ಕಾಲು ಬರುತ್ತಿರಲಿಲ್ಲ. ಅಪ್ಪ ಎಮ್ಮೆಗೆ ಹುಲ್ಲು ಹಾಕುತ್ತಿದ್ದವನು ತಿರುಗಿ ನೋಡದೆ ಹೇಳಿದ.

"ಏಣಿ ಬ್ಯಾಡ. ಆ ಇಟ್ಟಂಗಿಲೆ ಎಮ್ಮಿಗಿ ಹುಲ್ಲ ಹಾಕಾಕ ಒಂದ್ ಗ್ವಾದಲಿ ಕಟ್ಟು. ಹುಲ್ಲ ಭಾಳ ತುಳದ ಹಾಳ ಮಾಡತೈತಿ."

"ಮತ್ತ ಗ್ವಾಡಿರೀ? ಸಂದಿ ಮುಚ್ಚಬೇಕಂದಿದ್ರಿ?"

ಅಪ್ಪ ಹುಲ್ಲಿನ ಸಿವುಡು ಬಿಚ್ಚಿ ಕೊಡವಿದ, ಇಲ್ಲದ ಧೂಳನ್ನು ಕೈಯಿಂದ ಒರೆಸಿಕೊಂಡ. ನಾನು ಅಲ್ಲೇ ನಿಂತಿದ್ದೇನೆ ಎಂದು ಅವನಿಗೆ ಗೊತ್ತಿತ್ತು.

"ಇರ್ಲಿ ಬಿಡ ಅದು. ರವಿವಾರಕ್ಕೊಮ್ಮೆ ನಮ್ಮ ಹುಡುಗಿ ಕೇಳ್ತಾಳ."

ಏನು ಕೇಳುತ್ತಾಳೆ ಎಂದು ಗೌಂಡಿ ಕೇಳಲಿಲ್ಲ. ಸುಣ್ಣ ಕಲಸಲು ನೀರು ಕೊಡು ಎಂದು ನನ್ನ ಕಡೆ ಕೊಡ ಚಾಚಿದ. ನಾನು ಓಡಿಹೋಗಿ ತುಂಬಿಕೊಂಡು ಬಂದೆ.